ಜಾತ್ರೆಯಲ್ಲಿ ತೊಟ್ಟಿಲು ಹಾಕುವವರಿಗೂ ಒಂದು ಸಂಘ ಬೇಕು. ಬ್ರಿಟನ್ನಿನವರು 1889ರಲ್ಲೇ ಕಟ್ಟಿಕೊಂಡರು, ನಾವು ಯಾವಾಗ?

ತೊಟ್ಟಿಲು ಶ್ರೀರಂಗಪಟ್ಟಣ

ಎಲ್ಲರಿಗೂ ನಮಸ್ಕಾರ. ನಮ್ಮದು ಜಾತ್ರೆ ಕೆಲಸದ ಮನೆ. ತಾತನ ಕಾಲದಲ್ಲಿ ಕೈಯಲ್ಲಿ ತಿರುಗಿಸುವ ಮರದ ತೊಟ್ಟಿಲು ಇತ್ತು. ಈಗ ಚಿಕ್ಕಪ್ಪನ ಹತ್ತಿರ ಒಂದು ಜಾಯಿಂಟ್ ವ್ಹೀಲು, ಒಂದು ಕೊಲಂಬಸ್ಸು, ಮಕ್ಕಳು ಕೂತು ಸುತ್ತು ತಿರುಗುವ ಕುದುರೆ ಗಾಡಿ ಇದೆ. ಲೆಕ್ಕ, ಅರ್ಜಿ, ಪರ್ಮಿಷನ್ ಓಡಾಟ ನನ್ನದು. ಸಂಕ್ರಾಂತಿ ಹೊತ್ತಿಗೆ ಚುಂಚನಕಟ್ಟೆ, ಆಮೇಲೆ ಸುತ್ತೂರು, ಮುಡುಕುತೊರೆ, ಹೇಮಗಿರಿ, ಶಿವರಾತ್ರಿಯಿಂದ ಯುಗಾದಿವರೆಗೆ ಕಪ್ಪಡಿ, ಅದರ ಆಸುಪಾಸಿನಲ್ಲೇ ಮೇಲುಕೋಟೆ ವೈರಮುಡಿ, ನಂಜನಗೂಡಿನ ದೊಡ್ಡ ಜಾತ್ರೆ. ಮಳೆ ಹಿಡಿಯಿತು ಅಂದರೆ ಸೀಜನ್ ಮುಗಿಯಿತು. ದಸರಾ ವಸ್ತುಪ್ರದರ್ಶನದವರೆಗೆ ಕಬ್ಬಿಣವೆಲ್ಲ ಶೆಡ್ಡಿನಲ್ಲಿ.

ಈ ಸಲ ಒಂದು ಜಾತ್ರೆಯಲ್ಲಿ (ಊರಿನ ಹೆಸರು ಬೇಡ) ನಾವು ವರ್ಷಗಟ್ಟಲೆ ನಿಲ್ಲುತ್ತಿದ್ದ ಜಾಗವನ್ನು ಹರಾಜಿಗೆ ಹಾಕಿದರು. ಹೊರಗಿನಿಂದ ಬಂದ ಒಬ್ಬ ಗುತ್ತಿಗೆದಾರರು ಇಡೀ ಮೈದಾನವನ್ನೇ ಕೂಗಿಕೊಂಡರು. ಆಮೇಲೆ ನಮಗೇ ಎರಡರಷ್ಟು ನೆಲ ಬಾಡಿಗೆ ಹೇಳಿದರು. ಆಗಲ್ಲ ಅಂದಿದ್ದಕ್ಕೆ ಹಿಂದುಗಡೆ ಎಮ್ಮೆ ಕಟ್ಟುವ ತಗ್ಗು ತೋರಿಸಿದರು. ಆ ನೆಲದಲ್ಲಿ ವ್ಹೀಲು ನಿಲ್ಲಿಸಲು ಚಿಕ್ಕಪ್ಪ ಒಪ್ಪಲಿಲ್ಲ. ಲಾರಿ ಬಾಡಿಗೆ, ಹುಡುಗರ ಕೂಲಿ ಕೈಬಿಟ್ಟು ವಾಪಸ್ ಬಂದೆವು.

ಆ ಹೊಟ್ಟೆಯುರಿಯಲ್ಲೇ ಬೇರೆ ದೇಶದಲ್ಲಿ ಈ ಕೆಲಸದವರು ಹೇಗೆ ಬದುಕುತ್ತಾರೆ ಅಂತ ಓದಲು ಶುರು ಮಾಡಿದೆ. ಬ್ರಿಟನ್ನಿನಲ್ಲಿ ಶೋಮೆನ್ಸ್ ಗಿಲ್ಡ್ ಅಂತ ಒಂದು ಸಂಘ ಇದೆ. 1889ರಲ್ಲಿ ಹುಟ್ಟಿದ್ದು. ಆಗ ಜಾರ್ಜ್ ಸ್ಮಿತ್ ಅನ್ನುವ ಸಮಾಜ ಸುಧಾರಕರು ಗಾಡಿಯಲ್ಲಿ ವಾಸ ಮಾಡುವವರನ್ನೆಲ್ಲ ನೋಂದಣಿ ಮಾಡಬೇಕು, ಅಧಿಕಾರಿಗಳು ಗಾಡಿಯೊಳಗೆ ಬಂದು ತಪಾಸಣೆ ಮಾಡಬೇಕು ಅಂತ ಒಂದು ಮಸೂದೆಯ ಹಿಂದೆ ಬಿದ್ದಿದ್ದರು. ಇಟ್ಟಿಗೆ ಭಟ್ಟಿಯ ಮಕ್ಕಳಿಗಾಗಿ, ಕಾಲುವೆ ದೋಣಿಯ ಮಕ್ಕಳಿಗಾಗಿ ಹೋರಾಡಿದ್ದ ಮನುಷ್ಯ, ಉದ್ದೇಶ ಕೆಟ್ಟದ್ದಿರಲಿಲ್ಲ. ಆದರೆ ಗಾಡಿಯೇ ಮನೆಯಾದವರಿಗೆ ಅದು ಯಾವ ಹೊತ್ತಿನಲ್ಲಾದರೂ ಮನೆಗೆ ನುಗ್ಗುವ ಕಾನೂನು. ಜಾತ್ರೆಯವರೆಲ್ಲ ಸೇರಿ, ವ್ಯಾನಿನಲ್ಲಿ ವಾಸಿಸುವವರ ರಕ್ಷಣಾ ಸಂಘ ಅಂತ ಮಾಡಿಕೊಂಡು ಎದುರು ನಿಂತರು. ಮಸೂದೆ ಮತ್ತೆ ಮತ್ತೆ ಬಂದರೂ ಪಾಸಾಗಲಿಲ್ಲ. ಆ ಸಂಘವೇ ಮುಂದೆ ಗಿಲ್ಡ್ ಆಯಿತು.

ನನಗೆ ಎಲ್ಲಕ್ಕಿಂತ ಹಿಡಿಸಿದ್ದು ಅವರ ಜಾಗದ ನಿಯಮ. ಒಂದು ಜಾತ್ರೆಯಲ್ಲಿ ಒಬ್ಬ ಸದಸ್ಯ ಸತತ ಎರಡು ವರ್ಷ ಒಂದು ಜಾಗದಲ್ಲಿ ನಿಂತರೆ ಆ ಜಾಗದ ಮೇಲೆ ಅವನಿಗೆ ಹಕ್ಕು ಬರುತ್ತದೆ. ಇನ್ನೊಬ್ಬ ಸದಸ್ಯ ಜಾಸ್ತಿ ದುಡ್ಡು ಕೊಟ್ಟು ಅದನ್ನು ಹೊಡೆದುಕೊಳ್ಳುವ ಹಾಗಿಲ್ಲ. ಹೊಡೆದುಕೊಂಡರೆ ಸಂಘವೇ ದಂಡ ಹಾಕುತ್ತದೆ. ನಮ್ಮಲ್ಲಿ ಇದೊಂದು ಬಂದರೆ ಸಾಕು, ಅರ್ಧ ಜಗಳ ನಿಲ್ಲುತ್ತದೆ. ನಿಮ್ಮೆಲ್ಲರ ಅಭಿಪ್ರಾಯ ಬೇಕು. ಜಾತ್ರೆಯಲ್ಲಿ ಅಂಗಡಿ ಇಡುವವರು ದಯವಿಟ್ಟು ಬರೆಯಿರಿ.

ಪುರಿಭಟ್ಟಿ ಮಂಡ್ಯ

ಅಣ್ಣ, ಬರೆದದ್ದು ನೂರಕ್ಕೆ ನೂರು ನಿಜ. ನಮ್ಮದು ಕಡ್ಲೆಪುರಿ, ಬೆಂಡು ಬತ್ತಾಸು, ಖಾರ. ನಮಗೂ ಇದೇ ಪಾಡು. ನಿಮ್ಮದು ಒಂದು ಸಲ ನಿಂತರೆ ಮುಗಿಯಿತು. ನಮ್ಮದು ರಾತ್ರಿ ಯಾರೋ ಬಂದು ಹಗ್ಗ ಸರಿಸಿದರೆ ಬೆಳಿಗ್ಗೆ ಅರ್ಧ ಅಂಗಡಿ ಇರುವುದಿಲ್ಲ. ಬೆಳಿಗ್ಗೆ ಒಬ್ಬ ಸುಂಕದ ಚೀಟಿ ಹರಿಯುತ್ತಾನೆ, ಸಾಯಂಕಾಲ ಇನ್ನೊಬ್ಬ ಬರುತ್ತಾನೆ. ಚೀಟಿಯಲ್ಲಿ ಬರೆದ ದುಡ್ಡು ಒಂದು, ತೆಗೆದುಕೊಳ್ಳುವುದು ಇನ್ನೊಂದು.

ಒಂದು ಕೇಳುತ್ತೇನೆ. ಈ ಸಂಘ ಬರೀ ತೊಟ್ಟಿಲಿನವರಿಗಾ, ಇಲ್ಲ ನಮ್ಮಂಥವರಿಗೂನಾ? ಬಳೆ ಅಂಗಡಿಯವರು, ಪೀಪಿ ಬಲೂನಿನವರು, ಡೆಲ್ಲಿ ಹಪ್ಪಳದವರು, ಬಾವಿಯೊಳಗೆ ಬೈಕ್ ಓಡಿಸುವವರು, ಎಲ್ಲ ಒಂದೇ ಲಾರಿ ಸ್ಟ್ಯಾಂಡಿನಲ್ಲಿ ಮಲಗುವವರು ಅಲ್ವಾ?

ಮದ್ದೂರಿನವಳು, ಸದ್ಯ ಗ್ಲಾಸ್ಗೋ

ಇಲ್ಲಿಯದ್ದು ಸ್ವಲ್ಪ ಗೊತ್ತಿರುವುದರಿಂದ ಹೇಳುತ್ತೇನೆ. ಗಿಲ್ಡಿನಲ್ಲಿ ರೈಡು ಇರುವವರು, ಆಟದ ಅಂಗಡಿಯವರು, ತಿಂಡಿ ಮಾರುವವರು ಎಲ್ಲ ಇದ್ದಾರೆ. ದೇಶವನ್ನು ಹತ್ತು ವಿಭಾಗ ಮಾಡಿಕೊಂಡಿದ್ದಾರೆ, ಸ್ಕಾಟ್ಲೆಂಡಿನದ್ದೇ ಒಂದು ವಿಭಾಗ. ಜಾಗದ ತಕರಾರು ಬಂದರೆ ಮೊದಲು ಆ ವಿಭಾಗದ ಕಮಿಟಿಯ ಮುಂದೆ ಹೋಗುತ್ತದೆ.

ಗ್ಲಾಸ್ಗೋದ ಪೂರ್ವ ಭಾಗದಲ್ಲಿ ಇವರ ಯಾರ್ಡುಗಳಿವೆ. ಹೊರಗಿನಿಂದ ನೋಡಿದರೆ ಬರೀ ಗೇಟು, ಕಾಂಪೌಂಡು. ಒಳಗೆ ಸಾಲಾಗಿ ಮನೆಯಂಥ ದೊಡ್ಡ ಕ್ಯಾರವಾನುಗಳು, ಪಕ್ಕದಲ್ಲೇ ಮಡಚಿಟ್ಟ ರೈಡುಗಳು, ಲಾರಿಗಳು. ಚಳಿಗಾಲದಲ್ಲಿ ಅಲ್ಲೇ ಇದ್ದು ಪೇಂಟ್ ಹೊಡೆಯುತ್ತಾರೆ, ರಿಪೇರಿ ಮಾಡುತ್ತಾರೆ. ಅಜ್ಜಿ, ಮಗಳು, ಮೊಮ್ಮಗಳು ಒಂದೇ ಯಾರ್ಡಿನಲ್ಲಿ. ಮದುವೆಯೂ ಹೆಚ್ಚಾಗಿ ಒಳಗೊಳಗೇ. ನಮ್ಮ ಕಡೆಯ ಒಟ್ಟು ಕುಟುಂಬ ನೋಡಿದ ಹಾಗೆಯೇ ಅನ್ನಿಸುತ್ತದೆ. 2022ರ ಸ್ಕಾಟ್ಲೆಂಡ್ ಜನಗಣತಿಯಲ್ಲಿ ಶೋಮ್ಯಾನ್, ಶೋವುಮನ್ ಅಂತ ಬೇರೆ ಕಾಲಮ್ಮೇ ಕೊಟ್ಟರು. ನಾವು ಇಷ್ಟು ಜನ ಇದ್ದೇವೆ ಅಂತ ಸರ್ಕಾರದ ಪುಸ್ತಕದಲ್ಲಿ ಬರುವುದು ಸಣ್ಣ ವಿಷಯ ಅಲ್ಲ.

ಅವರದ್ದೇ ವಾರಪತ್ರಿಕೆಯೂ ಇತ್ತು, ವರ್ಲ್ಡ್ಸ್ ಫೇರ್ ಅಂತ, 1904ರಲ್ಲಿ ಶುರುವಾದದ್ದು. ಶೆಫೀಲ್ಡ್ ವಿಶ್ವವಿದ್ಯಾಲಯದಲ್ಲಿ 1994ರಿಂದ ಜಾತ್ರೆ, ಸರ್ಕಸ್ಸಿನ ದಾಖಲೆಗಳಿಗೇ ಒಂದು ಸಂಗ್ರಹಾಲಯ ಇದೆ. ಹಳೇ ಫೋಟೋ, ಹ್ಯಾಂಡ್‌ಬಿಲ್, ರೈಡಿನ ನಕ್ಷೆ ಎಲ್ಲ ಜೋಡಿಸಿಟ್ಟಿದ್ದಾರೆ. ನಮ್ಮ ಕಡೆ ಕೈ ತೊಟ್ಟಿಲು ತಿರುಗಿಸುತ್ತಿದ್ದವರ ಒಂದು ಫೋಟೋ ಯಾರ ಹತ್ತಿರ ಇದೆ?

ತೊಟ್ಟಿಲು ಶ್ರೀರಂಗಪಟ್ಟಣ

ಅಕ್ಕ, ಮನೆಯಲ್ಲಿ ಒಂದೂ ಇಲ್ಲ. ತಾತನ ತೊಟ್ಟಿಲಿಗೆ ನಾಲ್ಕೇ ಪೆಟ್ಟಿಗೆ. ಇಬ್ಬರು ಹುಡುಗರು ಅಡ್ಡಮರ ಹಿಡಿದು ಮೇಲಕ್ಕೆ ಹತ್ತಿ, ಮೈಭಾರ ಬಿಟ್ಟು ಕೆಳಕ್ಕೆ ಇಳಿಯುವರು. ಆ ಭಾರಕ್ಕೇ ತಿರುಗುವುದು. ಇಳಿದವನು ನೆಲಕ್ಕೆ ಕಾಲಿಟ್ಟ ತಕ್ಷಣ ಪಕ್ಕಕ್ಕೆ ಹಾರಬೇಕು, ಹಿಂದೆಯೇ ಪೆಟ್ಟಿಗೆ ಬರುತ್ತದೆ. ಚಿಕ್ಕಪ್ಪನ ಮುಂಗೈಯಲ್ಲಿ ಆ ಗಾಯದ ಗುರುತು ಈಗಲೂ ಇದೆ.

ಪುರಿಭಟ್ಟಿಯವರೇ, ಖಂಡಿತ ಎಲ್ಲರಿಗೂ. ಜಾತ್ರೆಯಲ್ಲಿ ಬೆವರು ಸುರಿಸಿ ದುಡಿಯುವ ಯಾರೇ ಆದರೂ.

ಗ್ರಾಮದ ಕಮಿಟಿ ಕಡೆಯವನು

ನಮ್ಮ ಕಡೆಯ ಮಾತನ್ನೂ ಕೇಳಿ. ಜಾತ್ರೆ ಅಂದರೆ ಸುಮ್ನೆ ಆಗುವುದಿಲ್ಲ. ತೇರಿಗೆ ಹಗ್ಗ, ಬಣ್ಣ, ದಾಸೋಹದ ಅಕ್ಕಿ, ನೀರಿನ ಟ್ಯಾಂಕರು, ಶೌಚಾಲಯ, ಲೈಟು, ಹಸುಕರುಗಳಿಗೆ ತೊಟ್ಟಿ. ಈ ದುಡ್ಡು ಎಲ್ಲಿಂದ ಬರಬೇಕು? ಹರಾಜು ಕೂಗಿದರೆ ಒಂದೇ ಕಂತಿನಲ್ಲಿ ಹಣ ಕೈಗೆ ಬರುತ್ತದೆ, ಲೆಕ್ಕ ಕೊಡುವುದು ಸುಲಭ. ಒಬ್ಬೊಬ್ಬರ ಹತ್ತಿರ ಹೋಗಿ ಚೌಕಾಶಿ ಮಾಡಲು ನಮಗೆ ಜನ ಇಲ್ಲ. ಎರಡು ವರ್ಷ ನಿಂತರೆ ಜಾಗ ಅವರದೇ ಅಂದರೆ ದೇವಸ್ಥಾನದ ನೆಲ ಯಾರದು? ಇವತ್ತು ತೊಟ್ಟಿಲು ಅನ್ನುತ್ತಾರೆ, ನಾಳೆ ಶೀಟ್ ಹಾಕಿ ಕಾಯಂ ಅಂಗಡಿ ಮಾಡುತ್ತಾರೆ. ನೋಡಿದ್ದೇವೆ ಸ್ವಾಮಿ.

ಲಾ ಓದುತ್ತಿರುವ ಮೈಸೂರು ಹುಡುಗಿ

ಸಾರ್, ಅಲ್ಲಿಯ ಹಕ್ಕು ನೆಲದ ಮಾಲೀಕತ್ವ ಅಲ್ಲ. ಸಂಘದ ಸದಸ್ಯರು ತಮ್ಮೊಳಗೇ ಮಾಡಿಕೊಂಡ ಒಪ್ಪಂದ ಅದು. ನೆಲ ಊರಿನದ್ದೇ, ಬಾಡಿಗೆ ಊರಿಗೇ. ಜಾತ್ರೆ ಮುಗಿದ ಮೇಲೆ ಖಾಲಿ ಮಾಡಲೇಬೇಕು.

ಆ ಒಪ್ಪಂದ ಕೋರ್ಟಿಗೂ ಹೋಗಿದೆ. ನಮಗೆ ಆಡಳಿತ ಕಾನೂನಿನ ಪಾಠದಲ್ಲಿ ಬರುವ 1952ರ ಲೀ ವಿರುದ್ಧ ಶೋಮೆನ್ಸ್ ಗಿಲ್ಡ್ ಕೇಸು ಇದೇ ವಿಷಯದ್ದು. ಬ್ರ್ಯಾಡ್‌ಫರ್ಡ್ ಜಾತ್ರೆಯ ಒಂದೇ ಜಾಗಕ್ಕೆ ಇಬ್ಬರು ಸದಸ್ಯರ ಜಗಳ. ಸಂಘದ ಕಮಿಟಿ ಒಬ್ಬರಿಗೆ ಅನ್ಯಾಯದ ಪೈಪೋಟಿ ಅಂತ 100 ಪೌಂಡು ದಂಡ ಹಾಕಿತು. ಅವರು ಕಟ್ಟಲಿಲ್ಲ. ಸದಸ್ಯತ್ವ ಕಿತ್ತರು. ಮೇಲ್ಮನವಿ ಕೋರ್ಟು ಆ ತೀರ್ಮಾನವನ್ನು ತಳ್ಳಿಹಾಕಿತು. ಒಬ್ಬನ ಅನ್ನ ಕಿತ್ತುಕೊಳ್ಳುವ ಅಧಿಕಾರ ಇರುವ ಸಂಘ ತನ್ನದೇ ನಿಯಮಕ್ಕೆ ತನಗಿಷ್ಟ ಬಂದ ಅರ್ಥ ಹಚ್ಚುವಂತಿಲ್ಲ, ಕೋರ್ಟು ನೋಡಬಹುದು ಅನ್ನುವುದು ಅದರ ಸಾರ. ಸಂಘ ಕಟ್ಟುವಾಗ ಇದನ್ನು ಮೊದಲೇ ತಲೆಯಲ್ಲಿಟ್ಟುಕೊಳ್ಳಿ. ಗಟ್ಟಿಯಾದ ಸಂಘ ಅಂದರೆ ಒಳಗಿನ ಸಣ್ಣವರನ್ನು ತುಳಿಯುವ ಸಂಘ ಆಗಬಾರದು. ಬೈಲಾದಲ್ಲಿ ಮೇಲ್ಮನವಿಗೆ ಜಾಗ ಇರಲಿ. ದಂಡ ಹಾಕುವ ಮೊದಲು ಇಬ್ಬರ ಮಾತೂ ಕೇಳಬೇಕು ಅಂತ ಬರೆದಿರಲಿ.

ಇನ್ನೊಂದು ವಿಷಯ. ಬೀದಿ ಬದಿ ವ್ಯಾಪಾರಿಗಳ ಕಾಯ್ದೆ 2014ರಲ್ಲಿ ಬಂತು. ಪಟ್ಟಣ ವ್ಯಾಪಾರ ಸಮಿತಿಯಲ್ಲಿ ಕನಿಷ್ಠ ಶೇ 40ರಷ್ಟು ವ್ಯಾಪಾರಿಗಳೇ ಇರಬೇಕು ಅನ್ನುತ್ತದೆ. ಆದರೆ ಅದು ನಗರ, ಪಟ್ಟಣದ ಸ್ಥಳೀಯ ಸಂಸ್ಥೆಗಳಿಗೆ ಮಾತ್ರ. ಹಳ್ಳಿ ಜಾತ್ರೆಯಲ್ಲಿ ಬತ್ತಾಸು ಮಾರುವವರ ಕೈಗೆ ಅದು ಸಿಗುವುದಿಲ್ಲ. ಸಂಘದ ಬೇಡಿಕೆ ಪಟ್ಟಿಯಲ್ಲಿ ಇದೂ ಇರಲಿ.

ಫಿಟ್ಟರ್ ನಂಜನಗೂಡು

ಜಾಗದ ಮಾತಿನಲ್ಲಿ ಸುರಕ್ಷತೆ ಮರೆಯಬೇಡಿ. ನಾನು ವ್ಹೀಲು ಜೋಡಿಸುವವನು. ಜಾತ್ರೆ ಮೈದಾನ ಅಂದರೆ ಅರ್ಧ ಕಡೆ ಕೊಯ್ಲು ಮುಗಿದ ಗದ್ದೆ. ಮೇಲೆ ಒಣಗಿ ಬಿರುಕು ಬಿಟ್ಟಿರುತ್ತದೆ, ಒಂದು ಅಡಿ ಅಗೆದರೆ ಕೆಸರು. ಹೊಳೆ ದಂಡೆಯಾದರೆ ಮರಳು. ಕಾಲಿನ ಕೆಳಗೆ ಮರದ ದಿಮ್ಮಿ ಅಡ್ಡಡ್ಡ ಜೋಡಿಸಬೇಕು, ಜಾಕಿ ಕೊಟ್ಟು ಎತ್ತಬೇಕು, ನೀರಿನ ಪೈಪು ಹಿಡಿದು ಮಟ್ಟ ನೋಡಬೇಕು. ಒಂದು ರಾತ್ರಿ ಹಾಗೇ ಬಿಟ್ಟು ಬೆಳಿಗ್ಗೆ ಮತ್ತೆ ಮಟ್ಟ ನೋಡಬೇಕು, ಯಾಕೆಂದರೆ ಭಾರಕ್ಕೆ ದಿಮ್ಮಿ ಕುಸಿದಿರುತ್ತದೆ. ಆಮೇಲೆ ಪ್ರತಿ ಪಿನ್ನಿಗೂ ಅದು ಜಾರದಂತೆ ಹಿಡಿಯುವ ಸ್ಪ್ಲಿಟ್ ಪಿನ್ ಇದೆಯಾ ಅಂತ ಕೈಯಿಂದ ಮುಟ್ಟಿ ನೋಡಬೇಕು. ಕಣ್ಣಿಗೆ ಕಂಡರೆ ಸಾಲದು. ಜನ ಕೂರಿಸುವಾಗ ಎದುರುಬದುರು ಪೆಟ್ಟಿಗೆಗೆ ಸರಿಸಮ ಭಾರ ಹಾಕಬೇಕು. ಒಂದೇ ಕಡೆ ತುಂಬಿದರೆ ಮೋಟಾರು ಎಳೆಯುವಾಗ ಇಡೀ ಚೌಕಟ್ಟು ಅಲ್ಲಾಡುತ್ತದೆ.

ಇಷ್ಟೆಲ್ಲಕ್ಕೆ ಪೂರ್ತಿ ಒಂದೂವರೆ ದಿನ ಬೇಕು. ತೇರಿನ ಹಿಂದಿನ ದಿನ ಸಾಯಂಕಾಲ ಜಾಗ ತೋರಿಸಿದರೆ ಎಲ್ಲಿಂದ ತರುವುದು? ರಾತ್ರಿ ಟಾರ್ಚ್ ಬೆಳಕಿನಲ್ಲಿ ಬೋಲ್ಟು ತಿರುಗಿಸುತ್ತಾರೆ. ಅಪಘಾತ ಆದಾಗ ಎಲ್ಲರೂ ಆಪರೇಟರ್ ಹುಡುಗನನ್ನು ಹಿಡಿದು ಹೊಡೆಯುತ್ತಾರೆ. ಜಾಗ ತಡವಾಗಿ ಕೊಟ್ಟವರನ್ನು ಯಾರೂ ಕೇಳುವುದಿಲ್ಲ. ಜಾಗ ಮೊದಲೇ ಗೊತ್ತಿದ್ದರೆ ಆ ನೆಲದ ಗುಣವೂ ಗೊತ್ತಿರುತ್ತದೆ, ಎಲ್ಲಿ ಗಟ್ಟಿ, ಎಲ್ಲಿ ಹಳೇ ಬಾವಿ ಮುಚ್ಚಿದ್ದಾರೆ ಎಲ್ಲ. ಹಾಗಾಗಿ ಜಾಗದ ಹಕ್ಕು ಅನ್ನುವುದು ಬರೀ ಹೊಟ್ಟೆಪಾಡಿನ ಮಾತಲ್ಲ, ಕೂತವರ ಜೀವದ ಮಾತು.

ನಮ್ಮಲ್ಲೂ ರೈಡುಗಳ ಸುರಕ್ಷತೆಗೆ ಭಾರತೀಯ ಮಾನಕ ಬ್ಯೂರೋದ (ಬಿಐಎಸ್) ಐಎಸ್ 15475 ಮಾನದಂಡ ಇದೆ. ಜಾತ್ರೆಯಲ್ಲಿ ಎಷ್ಟು ಜನ ಅದನ್ನು ನೋಡಿದ್ದಾರೆ ಹೇಳಿ.

ಮದ್ದೂರಿನವಳು, ಸದ್ಯ ಗ್ಲಾಸ್ಗೋ

ಫಿಟ್ಟರ್ ಅಣ್ಣ ಹೇಳಿದ್ದಕ್ಕೆ ಸೇರಿಸುತ್ತೇನೆ. ಇಲ್ಲಿ ಎಡಿಪ್ಸ್ ಅಂತ ತಪಾಸಣೆ ವ್ಯವಸ್ಥೆ ಇದೆ. ಪ್ರತಿ ರೈಡನ್ನೂ ವರ್ಷಕ್ಕೊಮ್ಮೆ ಹೊರಗಿನ ಪರಿಣಿತರು ಬಂದು ನೋಡಬೇಕು. ಅದು ಬಿಟ್ಟು ದಿನಾ ಬೆಳಿಗ್ಗೆ ನಡೆಸುವವರೇ ನೋಡಿ ಬರೆದಿಡಬೇಕು. ಹೀಗಿದ್ದೂ ಅಪಘಾತ ಆಗುವುದಿಲ್ಲ ಅಂತಲ್ಲ. ಆದರೆ ಯಾವ ದಿನ ಯಾರು ಏನು ನೋಡಿದರು ಅನ್ನುವುದಕ್ಕೆ ಪುಸ್ತಕ ಇರುತ್ತದೆ.

ಕೆ.ಆರ್. ಪೇಟೆ ಹಳಬ

ಬೆಂಗಳೂರಿನಲ್ಲಿ 1981ರ ಫೆಬ್ರವರಿ 7ರಂದು ಸರ್ಕಸ್ ಡೇರೆಗೆ ಬೆಂಕಿ ಬಿದ್ದದ್ದು ನನ್ನ ತಲೆಮಾರಿನವರು ಯಾರೂ ಮರೆತಿಲ್ಲ. 92 ಜನ ಹೋದರು, ಹೆಚ್ಚಿನವರು ಮಕ್ಕಳು. ಆಮೇಲೆ ನಮ್ಮ ಊರಿನಲ್ಲಿ ಡೇರೆ ಅಂದರೇನೇ ತಾಯಂದಿರು ಹೆದರುತ್ತಿದ್ದರು. ಸಂಘ ಮಾಡಿದರೆ ಮೊದಲ ಕೆಲಸ ಬೆಂಕಿ ಆರಿಸುವ ಸಿಲಿಂಡರು, ಹೊರಗೆ ಹೋಗಲು ಅಗಲದ ದಾರಿ. ಬೇರೆಲ್ಲ ಆಮೇಲೆ.

ಮೇಷ್ಟ್ರು ಕೆ.ಆರ್. ನಗರ

ಮಕ್ಕಳ ವಿಷಯ ಯಾರೂ ಎತ್ತಲಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ. ಜಾತ್ರೆ ಸಮಯದಲ್ಲಿ ನಮ್ಮ ಶಾಲೆಯ ಕಾಂಪೌಂಡಿನ ಪಕ್ಕದಲ್ಲೇ ಡೇರೆ ಹಾಕುತ್ತಾರೆ. ಆ ಮಕ್ಕಳು ಕಿಟಕಿಯ ಹತ್ತಿರ ನಿಂತು ಪಾಠ ಕೇಳಿಸಿಕೊಳ್ಳುವುದನ್ನು ನೋಡಿದ್ದೇನೆ. ಒಬ್ಬ ಹುಡುಗಿ, ಎಂಟು ವರ್ಷ ಇರಬಹುದು, ಅಪ್ಪನ ಟಿಕೆಟ್ ಲೆಕ್ಕವನ್ನು ಬಾಯಲ್ಲೇ ಮಾಡುತ್ತಿದ್ದಳು. ಇಪ್ಪತ್ತು ಟಿಕೆಟ್, ಮೂವತ್ತು ರೂಪಾಯಿ, ಆರುನೂರು, ಅದರಲ್ಲಿ ಡೀಸೆಲ್ ಹೋಗಿ ಇಷ್ಟು. ಓದಲು ಮಾತ್ರ ಬರುತ್ತಿರಲಿಲ್ಲ.

2009ರ ಶಿಕ್ಷಣ ಹಕ್ಕು ಕಾಯ್ದೆ ಈ ಮಕ್ಕಳಿಗೆ ದೊಡ್ಡ ಆಸರೆ. ಆರರಿಂದ ಹದಿನಾಲ್ಕು ವರ್ಷದ ಮಗುವನ್ನು ವಯಸ್ಸಿಗೆ ತಕ್ಕ ತರಗತಿಗೆ ಸೇರಿಸಿಕೊಳ್ಳಬೇಕು. ಟಿಸಿ ಇಲ್ಲ, ತಡವಾಯಿತು ಅಂತ ವಾಪಸ್ ಕಳಿಸುವ ಹಾಗಿಲ್ಲ. ಟಿಸಿ ಕೇಳಿದರೆ ಹೆಡ್‌ಮಾಸ್ಟರ್ ತಕ್ಷಣ ಕೊಡಬೇಕು, ತಡ ಮಾಡಿದರೆ ಅವರ ಮೇಲೆ ಕ್ರಮ. ಇದು ತಂದೆತಾಯಿಗೆ ಗೊತ್ತೇ ಇಲ್ಲ. ವಲಸೆ ಮಕ್ಕಳಿಗೆ ಟೆಂಟ್ ಶಾಲೆ ನಡೆಸಿದ ಅನುಭವವೂ ನಮ್ಮ ರಾಜ್ಯಕ್ಕೆ ಇದೆ. ಕಪ್ಪಡಿಯಂಥ ತಿಂಗಳುಗಟ್ಟಲೆಯ ಜಾತ್ರೆಯಲ್ಲಿ ಒಂದು ಟೆಂಟ್ ಶಾಲೆ ಕೇಳಿದರೆ ಇಲಾಖೆ ಇಲ್ಲ ಅನ್ನುವುದು ಕಷ್ಟ. ಆದರೆ ಕೇಳಲು ಒಬ್ಬೊಬ್ಬರೇ ಹೋದರೆ ಆಗುವುದಿಲ್ಲ.

ಇನ್ನೊಂದು ಮಾತು. ಮೊದಲ ಬರಹದಲ್ಲಿ ಬ್ರಿಟನ್ನಿನ ಮಸೂದೆಯ ಕಥೆ ಓದಿದಾಗ ನನಗೆ ನೆನಪಾದದ್ದು ಬೇರೆ. ಅದೇ ಬ್ರಿಟಿಷರು ಇಲ್ಲಿ 1871ರಲ್ಲಿ ಕ್ರಿಮಿನಲ್ ಟ್ರೈಬ್ಸ್ ಕಾಯ್ದೆ ತಂದರು. ಅಲೆದು ಬದುಕುವ ಎಷ್ಟೋ ಸಮುದಾಯಗಳನ್ನು ಹುಟ್ಟಿನಿಂದಲೇ ಕಳ್ಳರು ಅಂತ ಬರೆದರು. ಠಾಣೆಗೆ ಹೋಗಿ ಹಾಜರಿ ಹಾಕಬೇಕು, ಹೇಳದೆ ಊರು ಬಿಡುವ ಹಾಗಿಲ್ಲ. ಅವರ ದೇಶದಲ್ಲಿ ಗಾಡಿಯವರು ಒಗ್ಗಟ್ಟಾಗಿ ಎದುರು ನಿಂತದ್ದಕ್ಕೆ ಮಸೂದೆ ಬಿತ್ತು. ನಮ್ಮವರಿಗೆ ಎದುರು ನಿಲ್ಲುವ ಅವಕಾಶವೇ ಇರಲಿಲ್ಲ. ಆ ಕಾಯ್ದೆ ತೆಗೆದು ಹಾಕಲು 1952 ಬರಬೇಕಾಯಿತು. ಈಗಲೂ ಊರಿನಲ್ಲಿ ಒಂದು ಕೋಳಿ ಕಾಣೆಯಾದರೆ ಮೊದಲು ಡೇರೆಯವರ ಕಡೆ ನೋಡುತ್ತಾರೆ. ಇದು ಹೋಗಬೇಕಾದರೆ ಕಾನೂನು ಮಾತ್ರ ಸಾಲದು, ಊರಿನವರ ಜೊತೆ ಸರಿಸಮ ಕೂತು ಮಾತಾಡುವ ಒಂದು ಸಂಘ ಬೇಕು.

ಪುರಿಭಟ್ಟಿ ಮಂಡ್ಯ

ಮೇಷ್ಟ್ರೇ, ಕೈ ಮುಗಿದೆ. ನನ್ನ ತಂಗಿ ಮಗ ಮೂರನೇ ಕ್ಲಾಸಿಗೇ ಬಿಟ್ಟ. ಯಾರೂ ಹೀಗೆ ಹೇಳಿಕೊಟ್ಟಿರಲಿಲ್ಲ.

ಗ್ರಾಮದ ಕಮಿಟಿ ಕಡೆಯವನು

ಎಲ್ಲ ಓದಿದೆ. ಕೋಳಿ ವಿಷಯ ನಿಜ, ನಮ್ಮೂರಲ್ಲೂ ಆಗಿದೆ. ನನ್ನ ತಕರಾರು ದುಡ್ಡಿನದ್ದು ಮಾತ್ರ. ಸಂಘದವರು ಒಟ್ಟಾಗಿ ಬಂದು, ಜಾತ್ರೆಗೆ ಎರಡು ತಿಂಗಳು ಮುಂಚೆ ಇಷ್ಟು ಜಾಗ, ಇಷ್ಟು ಬಾಡಿಗೆ ಅಂತ ಬರೆದು ಕೊಟ್ಟು, ಅರ್ಧ ಮುಂಗಡ ಕಟ್ಟಿದರೆ ಹರಾಜು ಯಾಕೆ ಬೇಕು? ಗುತ್ತಿಗೆದಾರರು ನಮಗೆ ಕೊಡುವುದಕ್ಕಿಂತ ನಿಮ್ಮ ಹತ್ತಿರ ವಸೂಲಿ ಮಾಡುವುದು ಜಾಸ್ತಿ ಅನ್ನುವುದು ನಮಗೂ ಗೊತ್ತು. ಆ ನಡುವಿನ ಹಣ ತೇರಿಗೂ ಬರುವುದಿಲ್ಲ, ನಿಮಗೂ ಉಳಿಯುವುದಿಲ್ಲ. ಆದರೆ ಜಾತ್ರೆ ಮುಗಿದ ಮೇಲೆ ಗುಂಡಿ ಮುಚ್ಚಿ, ಕಸ ತೆಗೆದು ಹೋಗುವ ಜವಾಬ್ದಾರಿ ಸಂಘದ್ದು. ಅದು ಬರವಣಿಗೆಯಲ್ಲಿ ಇರಬೇಕು. ದೇವಸ್ಥಾನ ಮುಜರಾಯಿಗೆ ಸೇರಿದ್ದರೆ ನಾವೊಬ್ಬರೇ ತೀರ್ಮಾನ ಮಾಡಲು ಆಗುವುದಿಲ್ಲ, ಅಲ್ಲಿಗೂ ಅರ್ಜಿ ಹೋಗಬೇಕು.

ತೊಟ್ಟಿಲು ಶ್ರೀರಂಗಪಟ್ಟಣ

ಸಾರ್, ನೀವು ಹೇಳಿದ ಷರತ್ತಿಗೆ ನಾನು ಈಗಲೇ ಒಪ್ಪುತ್ತೇನೆ. ಗುಂಡಿ ಮುಚ್ಚುವುದು, ಕಸ ತೆಗೆಯುವುದು ನಮ್ಮ ಮರ್ಯಾದೆಯ ವಿಷಯ.

ಒಬ್ಬೊಬ್ಬರೇ ಇದ್ದರೆ ಏನಾಗುತ್ತದೆ ಅನ್ನುವುದಕ್ಕೆ 2020 ನೋಡಿ. ಮಾರ್ಚ್ 24ರ ರಾತ್ರಿ ಲಾಕ್‌ಡೌನ್, ಮರುದಿನ ಯುಗಾದಿ. ಬಿಚ್ಚಿದ ವ್ಹೀಲು ಮೈದಾನದಲ್ಲೇ ಉಳಿಯಿತು, ಲಾರಿ ಬರುವ ಹಾಗಿಲ್ಲ. ಕೆಲಸದ ಹುಡುಗರಲ್ಲಿ ಕೆಲವರು ಬಿಹಾರದವರು, ಅವರನ್ನು ಅಲ್ಲೇ ಇಟ್ಟುಕೊಂಡು ಅನ್ನ ಹಾಕಬೇಕಾಯಿತು. ಆ ವರ್ಷದ ದಸರೆಯೂ ಸರಳವಾಗಿ ಮುಗಿಯಿತು. ಪರಿಹಾರ ಕೇಳೋಣ ಅಂದರೆ ನಾವು ಯಾವ ಪಟ್ಟಿಯಲ್ಲೂ ಇರಲಿಲ್ಲ. ಆಟೋದವರಿಗೆ ಪಟ್ಟಿ ಇತ್ತು, ಕ್ಷೌರಿಕರಿಗೆ ಇತ್ತು, ನಮಗೆ ಇಲ್ಲ. 2021ರ ಆಗಸ್ಟಿನಲ್ಲಿ ಕೇಂದ್ರ ಸರ್ಕಾರದ ಇ-ಶ್ರಮ್ ನೋಂದಣಿ ಬಂದ ಮೇಲೆ ನಮ್ಮ ಹುಡುಗರಿಗೆಲ್ಲ ಕಾರ್ಡು ಮಾಡಿಸಿದೆ. 16ರಿಂದ 59 ವರ್ಷದ ಅಸಂಘಟಿತ ಕಾರ್ಮಿಕರು ಯಾರಾದರೂ ಮಾಡಿಸಬಹುದು, ದುಡ್ಡು ಇಲ್ಲ. ಇದನ್ನು ಓದುತ್ತಿರುವವರು ಸಂಘಕ್ಕೆ ಕಾಯದೆ ಇಷ್ಟನ್ನು ಮಾಡಿಸಿ.

ತೆರಿಗೆಯದ್ದೂ ಒಂದು ಇದೆ. 2018ರ ಜನವರಿಯಲ್ಲಿ ಜಾಯ್ ರೈಡು, ಕುದುರೆ ಗಾಡಿಗಳ ಟಿಕೆಟ್ ಮೇಲಿನ ಜಿಎಸ್‌ಟಿ 28ರಿಂದ 18ಕ್ಕೆ ಇಳಿಯಿತು. ಸರ್ಕಸ್ಸಿಗೆ ಆಗ 500 ರೂಪಾಯಿವರೆಗಿನ ಟಿಕೆಟ್ಟಿಗೆ ಪೂರ್ತಿ ವಿನಾಯಿತಿ ಕೊಟ್ಟರು. ಒಂದೇ ಮೈದಾನ, ಒಂದೇ ಜನ. ಸರ್ಕಸ್ಸಿನವರ ಪರವಾಗಿ ಮಾತಾಡುವವರು ಇದ್ದರು, ನಮ್ಮ ಪರವಾಗಿ ಯಾರೂ ಇರಲಿಲ್ಲ ಅಂತ ನನ್ನ ಅನಿಸಿಕೆ.

ಲಾ ಓದುತ್ತಿರುವ ಮೈಸೂರು ಹುಡುಗಿ

ನೋಂದಣಿ ಕಷ್ಟ ಅಲ್ಲ ಅಣ್ಣ. 1960ರ ಕರ್ನಾಟಕ ಸಂಘಗಳ ನೋಂದಣಿ ಕಾಯ್ದೆಯಲ್ಲಿ ಏಳು ಜನ ಇದ್ದರೆ ಸಾಕು. ಏಳೂ ಜನ ಒಂದೇ ಕುಟುಂಬದವರು ಅಥವಾ ಬರೀ ದೊಡ್ಡ ರೈಡಿನ ಮಾಲೀಕರು ಆಗದಿರಲಿ. ಕೂಲಿ ಹುಡುಗರಿಂದ ಒಬ್ಬರು, ಹೆಂಗಸರು ಕನಿಷ್ಠ ಇಬ್ಬರು. ಬಳೆ ಅಂಗಡಿಯನ್ನೆಲ್ಲ ನಡೆಸುವುದೇ ಅವರು. ಬೈಲಾ ಕರಡು ನಾನು ಬರೆದುಕೊಡುತ್ತೇನೆ, ನಮ್ಮ ಮೇಡಂ ನೋಡಿಕೊಡಲು ಒಪ್ಪಿದ್ದಾರೆ.

ಫಿಟ್ಟರ್ ನಂಜನಗೂಡು

ಆಷಾಢದಲ್ಲಿ ಸೇರೋಣ. ಆಗ ಯಾವ ಜಾತ್ರೆಯೂ ಇರುವುದಿಲ್ಲ, ಎಲ್ಲರೂ ಮನೆಯಲ್ಲೇ ಇರುತ್ತಾರೆ. ಮೈಸೂರು ಎಲ್ಲರಿಗೂ ನಡುವೆ ಬೀಳುತ್ತದೆ. ನಾನು ತಪಾಸಣೆ ಪುಸ್ತಕದ ಮಾದರಿ ಒಂದು ತರುತ್ತೇನೆ, ಒಂದು ರೈಡಿಗೆ ಒಂದು ಪುಟ.

ಪುರಿಭಟ್ಟಿ ಮಂಡ್ಯ

ಶುಕ್ರವಾರ ಮಾತ್ರ ಬೇಡ. ಆಷಾಢ ಶುಕ್ರವಾರ ಚಾಮುಂಡಿ ಬೆಟ್ಟಕ್ಕೆ ಬರುವ ಜನಕ್ಕೆ ನಮ್ಮವರೆಲ್ಲ ವ್ಯಾಪಾರಕ್ಕೆ ಹೋಗಿರುತ್ತಾರೆ. ಭಾನುವಾರ ಬೆಳಿಗ್ಗೆ ಇಟ್ಟುಕೊಳ್ಳಿ. ಮಳವಳ್ಳಿ, ಮದ್ದೂರು ಕಡೆಯ ಬಳೆಯವರಿಗೆ ನಾನು ಹೇಳುತ್ತೇನೆ, ಬರುವವರಿಗೆಲ್ಲ ತಿಂಡಿ ನಮ್ಮ ಕಡೆಯಿಂದ.